ನೈಋತ್ಯ ಮೂಲೆಯ ಮಣ್ಣು

ನನಗೆ ನೆನಪಿತ್ತು. ಕೋಲಾರದ ಆಸ್ಪತ್ರೆಯ ಪಡಸಾಲೆಯಲ್ಲಿ, ಅಷ್ಟು ಜನರ ಮುಂದೆ, ನೀವು ನನ್ನ ಮುಖ ನೋಡಿ ಕೇಳಿದಾಗ 'ನನಗೆ ಹಾಗೆ ನೆನಪಿಲ್ಲ' ಎಂದೆನಲ್ಲ — ಅದು ಸುಳ್ಳು, ಚೌಡಪ್ಪನವರೇ. ಆ ಗಳಿಗೆಯಲ್ಲಿ ಎಲ್ಲವೂ ನನ್ನ ಕಿವಿಯಲ್ಲೇ ಇತ್ತು. ಬೆಳಿಗ್ಗೆ ನೀವು ಕೇಳಿದ ಪ್ರಶ್ನೆ ಇತ್ತು, ನಾನು ಕೊಟ್ಟ ಉತ್ತರ ಇತ್ತು, ಆ ಉತ್ತರ ಕೇಳಿ ಗುಂಡಿಯೊಳಗಿನಿಂದ ನಾಗರಾಜ ನಕ್ಕ ನಗುವೂ ಇತ್ತು.

ಇಷ್ಟು ವರ್ಷ ಇದನ್ನು ಹೇಳದೆ ಇದ್ದೆ. ಈಗ ಹೇಳುತ್ತಿರುವುದು ಧೈರ್ಯ ಬಂದದ್ದರಿಂದಲ್ಲ. ಹೆದರಿಕೆ ಒಂದು ಕಡೆಯಿಂದ ಇನ್ನೊಂದು ಕಡೆಗೆ ಹೊರಳಿದೆ, ಅಷ್ಟೆ. ಮೊದಲು, ಹೇಳಿದರೆ ಏನಾದೀತೋ ಎಂದು ಹೆದರುತ್ತಿದ್ದೆ. ಈಗ, ಹೇಳದೆ ಇದ್ದರೆ ಆ ಬೆಳಗೇ ನನ್ನೊಳಗಿಂದ ಅಳಿಸಿಹೋದೀತೋ ಎಂದು — ಅಥವಾ ಈಗಾಗಲೇ ಅರ್ಧ ಅಳಿಸಿಹೋಗಿದೆಯೋ ಎಂದು.

ನಿಮಗೆ ಗೊತ್ತಿರುವುದನ್ನೂ ಇಲ್ಲಿ ಮತ್ತೆ ಬರೆಯುತ್ತೇನೆ. ಬೇಸರಿಸಬೇಡಿ. ಸುಳ್ಳನ್ನು ನಾಲ್ಕು ಜನರ ಎದುರಿಗೆ ಹೇಳಿದವನು ನಿಜವನ್ನು ನಿಮ್ಮೊಬ್ಬರ ಕಿವಿಯಲ್ಲಿ ಹೇಳಿ ಮುಗಿಸಿದರೆ ಅದು ಇನ್ನೊಂದು ಮೋಸ. ನಿಮ್ಮನ್ನು ನೋಡಿಯೇ ಇರದವರೂ ಇದನ್ನು ಓದಬೇಕು. ಅವರಿಗೂ ತಿಳಿಯುವ ಹಾಗೆ ಹೇಳಬೇಕು.

ನೀವು ಯಲ್ದೂರಿನ ಕಡೆಯ ಮಾವಿನ ತೋಟದವರು. ಶ್ರೀನಿವಾಸಪುರದ ಹೊರಗೆ, ರಸ್ತೆಗೆ ತಾಗಿದ ಒಂದು ಸಣ್ಣ ನಿವೇಶನದಲ್ಲಿ ಕಟ್ಟಡ ಎಬ್ಬಿಸಲು ಹೊರಟಿದ್ದಿರಿ — ಮೇಲೆ ಅಂಗಡಿಗಳು, ಕೆಳಗೆ ನೆಲಮಾಳಿಗೆ. ಸುಗ್ಗಿಯ ಕಾಲದಲ್ಲಿ ಖಾಲಿ ಕ್ರೇಟುಗಳನ್ನೂ ಸರಕನ್ನೂ ಇಡಲು ಜಾಗ ಬೇಕಿತ್ತು ನಿಮಗೆ. ನಾನು ನಿಮ್ಮ ಇಂಜಿನಿಯರ್. ಮಾಸ್ತಿಯ ಹತ್ತಿರ ರಾಗಿ ಬೆಳೆಯುವ ಮನೆಯಿಂದ ಹೊರಟು ಬೆಂಗಳೂರಿನಲ್ಲಿ ಓದಿ ಬಂದವನು. ವಿಶ್ವವಿದ್ಯಾಲಯ ನನಗೆ ಒಂದು ಅಭ್ಯಾಸ ಕಲಿಸಿತ್ತು — ಯಾರು ಏನೇ ಹೇಳಲಿ, ಮೊದಲು ನಂಬಬಾರದು. ಒಳ್ಳೆಯ ಅಭ್ಯಾಸವೇ. ಆದರೆ ಅದು ನನ್ನಲ್ಲಿ ಬೇಗ ಇನ್ನೊಂದಾಗಿ ಮಾರ್ಪಟ್ಟಿತು. ನಂಬುವವರನ್ನು ಕಂಡರೆ ನಗು ಬರತೊಡಗಿತು. ಪೂಜೆಯ ದಿನ ನಿಂಬೆಹಣ್ಣು ಹೆಚ್ಚುವವರನ್ನು, ಗುದ್ದಲಿಗೆ ಕುಂಕುಮ ಹಚ್ಚುವವರನ್ನು, ಕಡೆಗೆ ನಿಮ್ಮನ್ನು.

ಗುದ್ದಲಿ ಪೂಜೆಗೆ ಮುಳಬಾಗಿಲಿನಿಂದ ವಾಸ್ತು ನೋಡುವ ಒಬ್ಬರನ್ನು ಕರೆಸಿದ್ದಿರಿ. ಈಶಾನ್ಯದಿಂದ ಅಗೆಯಲು ಶುರು ಮಾಡಿ, ತೆಗೆದ ಮಣ್ಣನ್ನೆಲ್ಲ ನೈಋತ್ಯ ಮೂಲೆಗೇ ಹಾಕಬೇಕು, ಕಟ್ಟಡ ಮೇಲೇಳುವವರೆಗೆ ಆ ಮೂಲೆ ಭಾರವಾಗಿಯೇ ಇರಬೇಕು ಎಂದು ಅವರು ಹೇಳಿ ಹೋದರು. ನಮ್ಮ ಕಡೆ ಕುಬೇರ ಮೂಲೆ ಅನ್ನುತ್ತಾರಲ್ಲ, ಅದು. ನಿಮ್ಮ ನಿವೇಶನದಲ್ಲಿ ಆ ಮೂಲೆಗೂ ಪಕ್ಕದವರ ಕಾಂಪೌಂಡಿಗೂ ನಡುವೆ ಇದ್ದದ್ದು ಒಂದು ಓಣಿಯಷ್ಟು ಜಾಗ. ಅಲ್ಲಿ ಮಣ್ಣು ಹಾಕಿದರೆ ಅದು ಗುಂಡಿಯ ತುಟಿಯ ಮೇಲೆಯೇ ಕೂರಬೇಕು.

"ಅಂಚಿಗೆ ಭಾರ ಬೀಳಬಾರದು ಚೌಡಪ್ಪನವರೇ," ಎಂದೆ. "ತೆಗೆದ ಮಣ್ಣು ಗುಂಡಿಯಿಂದ ದೂರ ಹೋದಷ್ಟೂ ಒಳ್ಳೇದು. ಈಶಾನ್ಯದ ಕಡೆ ಅಷ್ಟೊಂದು ಬಯಲಿದೆ."

"ನಿಮ್ಮ ಮಾತು ತೆಗೆದುಹಾಕ್ತಿಲ್ಲ ಸಾರ್. ಆದ್ರೆ ಮೂಲೆ ಬರಿದಾದ್ರೆ ಯಜಮಾನಂಗೆ ಆಗಲ್ಲ ಅಂತಾರೆ. ನನಗೇನಾದ್ರೂ ಆಗ್ಲಿ, ಮನೇಲಿ ಹೆಂಗಸರು ಹೆದರ್ಕೊಂಡವ್ರೆ."

ಅಲ್ಲೇ ಕೆಲಸ ನಿಲ್ಲಿಸಬಹುದಿತ್ತು. ನಿಲ್ಲಿಸಬೇಕಿತ್ತು. ಮಣ್ಣು ಅಲ್ಲಿ ಬಿದ್ದರೆ ನಾನು ಗುಂಡಿಗೆ ಆಳು ಇಳಿಸುವುದಿಲ್ಲ ಎಂದು ಒಂದು ಮಾತು ಹೇಳಿದ್ದರೆ ನೀವು ಒಪ್ಪುತ್ತಿದ್ದಿರಿ ಎಂದೇ ಈಗ ಅನ್ನಿಸುತ್ತದೆ. ಹೇಳಲಿಲ್ಲ. 'ಆಯ್ತು, ನಿಮ್ಮಿಷ್ಟ' ಎಂದೆ. ಆ ಎರಡು ಶಬ್ದಗಳಲ್ಲಿ ಒಪ್ಪಿಗೆ ಇರಲಿಲ್ಲ, ಮುನಿಸಿತ್ತು. ಓದಿದವನ ಮಾತು ಬಿದ್ದುಹೋಯಿತೆಂಬ ಮುನಿಸು.

ಜೆಸಿಬಿ ಅಗೆಯಿತು. ಮೇಲೆ ಕೆಂಪು ಮಣ್ಣು, ಕೆಳಗೆ ಗರಸು. ಎರಡಾಳು ಆಳ ಆಗುವ ಹೊತ್ತಿಗೆ ನೈಋತ್ಯ ಮೂಲೆಯಲ್ಲಿ ಮಣ್ಣಿನ ಗುಡ್ಡೆ ಪಕ್ಕದವರ ಕಾಂಪೌಂಡಿಗಿಂತ ಎತ್ತರಕ್ಕೆ ನಿಂತಿತ್ತು. ಆ ಕಡೆ ಗುಂಡಿಯ ಗೋಡೆಯನ್ನು ಇಳಿಜಾರಾಗಿ ಕಡಿಯಲು ಜಾಗ ಸಾಲದು. ಹಾಗಿದ್ದಾಗ ಗೋಡೆ ಕುಸಿಯದ ಹಾಗೆ ಹಲಗೆ ಒತ್ತಿ, ನೀಲಗಿರಿ ಕಂಬಗಳನ್ನು ಅಡ್ಡಕ್ಕೆ ಊರೆ ಕೊಟ್ಟು, ಆಮೇಲೆ ಕೆಳಗೆ ಆಳು ಇಳಿಸಬೇಕು. ಅದೂ ನನಗೆ ಗೊತ್ತಿತ್ತು. ಮಾಲೂರಿನಿಂದ ಕಂಬ ಬರುವುದು ಒಂದು ದಿನ ತಡವಾಗುತ್ತದೆ ಎಂದರು. ಒಂದು ದಿನ ತಾನೇ, ತಳ ಸಮ ಮಾಡುವ ಕೆಲಸ ಅಷ್ಟರಲ್ಲಿ ಆಗಲಿ ಎಂದೆ. ಅದನ್ನು ಹೇಳಿದ್ದು ನಾನು. ಅಲ್ಲಿ ವಾಸ್ತು ಇರಲಿಲ್ಲ, ನೀವೂ ಇರಲಿಲ್ಲ.

ಹಿಂದಿನ ಸಂಜೆ ಮಳೆ ಬಿದ್ದಿತ್ತು. ಮಾವು ಮುಗಿಯುತ್ತಿದ್ದ ಕಾಲ. ಬೆಳಿಗ್ಗೆ ನೀವು ನನಗಿಂತ ಮೊದಲೇ ಬಂದು ಆ ಮೂಲೆಯಲ್ಲಿ ನಿಂತಿದ್ದಿರಿ. ಕೆಳಗೆ ಬೈರಕೂರಿನ ನಾಗರಾಜ ಗೋಡೆಯ ಬುಡ ಕೆತ್ತಿ ನೇರ ಮಾಡುತ್ತಿದ್ದ. ಅವನ ಜೊತೆಯವರು ಏಣಿ ಹತ್ತಿ, ಜೆಸಿಬಿಯವನನ್ನೂ ಕರೆದುಕೊಂಡು ಟೀ ಕುಡಿಯಲು ಹೋಗಿದ್ದರು. ಹಗ್ಗ ಕಟ್ಟಿದ ಬಕೆಟ್ಟು ಗುಂಡಿಯ ಅಂಚಿನಲ್ಲಿತ್ತು. ನೀವು ಹೆಗಲ ಟವಲು ತೆಗೆದು ಮತ್ತೆ ಹಾಕಿಕೊಂಡು ನನ್ನ ಕಡೆ ಬಂದಿರಿ. ನೀವು ಹೇಳಿದ್ದನ್ನು ಹಾಗೆಯೇ ಬರೆಯುತ್ತೇನೆ.

"ಸಾರ್, ಮಣ್ಣು ನೆಂದೈತೆ. ಈ ಗುಡ್ಡೆ ಆ ಕಡೆ ಹಾಕಿಸ್ಬಿಡ್ಲಾ? ಜೆಸಿಬಿ ಹೆಂಗೂ ಇಲ್ಲೇ ನಿಂತೈತಲ್ಲ. ನಾಗರಾಜನ್ನ ಒಸಿ ಮೇಲೆ ಕರೀರಿ."

ನೀವು ಸೋತು ಬಂದಿದ್ದಿರಿ. ಮನೆಯ ಹೆಂಗಸರಿಗೆ ಏನು ಹೇಳಿ ಬಂದಿರೋ. ಹಟ ಬಿಟ್ಟು, ಇಂಜಿನಿಯರ್ ಹೇಳಿದ್ದೇ ಸರಿ ಎಂದು ಒಪ್ಪಿಕೊಳ್ಳಲು ನಿಮ್ಮ ವಯಸ್ಸಿನವರು ನನ್ನ ವಯಸ್ಸಿನವನ ಹತ್ತಿರ ಬಂದಿದ್ದಿರಿ. ನನಗೆ ಬೇಕಾದದ್ದೂ ಅದೇ ಅಲ್ಲವೇ? ಹೌದು ಎಂದಿದ್ದರೆ ಮುಗಿದಿತ್ತು. ಆದರೆ ಗೆದ್ದವನಿಗೆ ಗೆಲುವು ಸಾಲಲಿಲ್ಲ. ಚುಚ್ಚಬೇಕಿತ್ತು.

"ಈಗ್ಯಾಕೆ ಚೌಡಪ್ಪನವರೇ? ನಿಮ್ಮ ಮೂಲೆ ಹಗುರ ಆಗಿಬಿಟ್ರೆ? ಇರ್ಲಿ ಬಿಡಿ. ಇಷ್ಟು ಭಾರ ಹೊತ್ತಿರೋ ಕುಬೇರ ಒಂದು ಗೋಡೆ ಕಾಯಲ್ವಾ?"

ಕೆಳಗಿನಿಂದ ನಾಗರಾಜ ನಕ್ಕ. "ಏಂ ಚೌಡಪ್ಪಣ್ಣ, ಕುಬೇರನ್ನೇ ಎತ್ತಿ ಆ ಕಡೆ ಕೂರಿಸ್ತೀಯಾ? ಸೊಂಟ ಹಿಡ್ಕೊಂಡಾತು, ಜೋಪಾನ," ಎಂದ. ನೀವೂ ನಕ್ಕಿರಿ. ನಗಲೇಬೇಕಾದಾಗ ನಗುವ ಹಾಗೆ. ಮತ್ತೆ ಕೇಳಲಿಲ್ಲ.

ಮಣ್ಣು ಕುಸಿಯುವ ಸದ್ದು ದೊಡ್ಡದಾಗಿರುತ್ತದೆ ಎಂದು ನಾನು ಅಂದುಕೊಂಡಿದ್ದೆ. ಇರುವುದಿಲ್ಲ. ಲಾರಿಯಿಂದ ಮೂಟೆ ಇಳಿಸಿದಂಥ ಒಂದು ಸದ್ದು, ಅಷ್ಟೆ. ನಾನು ಎದುರಿನ ಅಂಚಿನಲ್ಲಿ ಟೇಪು ಹಿಡಿದು ನಿಂತಿದ್ದೆ. ತಿರುಗಿದಾಗ ಆ ಗೋಡೆ ಇರಲಿಲ್ಲ. ಮೇಲಿದ್ದ ಗುಡ್ಡೆ ಕೆಳಗಿತ್ತು. ನಾಗರಾಜ ಎದೆಯವರೆಗೆ ಮಣ್ಣಿನಲ್ಲಿದ್ದ, ನಿಂತ ಹಾಗೆಯೇ, ಒಂದು ಕೈ ಮೇಲೆತ್ತಿಕೊಂಡು. ಅವನು ಕೂಗಲಿಲ್ಲ. ಕೂಗಲು ಉಸಿರು ಬೇಕು. ಅವನು ಉಸಿರು ಬಿಟ್ಟಾಗಲೆಲ್ಲ ಮಣ್ಣು ಇನ್ನಷ್ಟು ಬಿಗಿಯುತ್ತಿತ್ತು. ಅವನ ಬಾಯಿ ತೆರೆದು ಮುಚ್ಚುವುದು ಕಾಣುತ್ತಿತ್ತು, ಮಾತು ಬರುತ್ತಿರಲಿಲ್ಲ. ಆಮೇಲೆ ತುಂಬಾ ಮೆಲ್ಲಗೆ, "ಸಾರ್, ಕಾಲು ಎಲ್ಲೈತೋ ಗೊತ್ತಾಗ್ತಿಲ್ಲ," ಎಂದ.

ನೀವು ಹಾರಿದಿರಿ. ಏಣಿ ಕೂಡ ಹುಡುಕಲಿಲ್ಲ. ಉಳಿದ ಗುಡ್ಡೆ ಇನ್ನೂ ನಿಮ್ಮ ತಲೆಯ ಮೇಲೆ ನೇತಾಡುತ್ತಿತ್ತು, ಸಣ್ಣ ಸಣ್ಣ ಹೆಂಟೆಗಳು ಉರುಳುತ್ತಲೇ ಇದ್ದವು. ನೀವು ಎರಡೂ ಕೈಯಿಂದ ನಾಯಿ ಬಗೆದ ಹಾಗೆ ಬಗೆಯುತ್ತಿದ್ದಿರಿ. ಜೆಸಿಬಿಯವನು ಯಂತ್ರದ ಬಕೆಟ್ ಇಳಿಸಲು ಬಂದಾಗ 'ಬೇಡ, ಕತ್ತರಿಸಿಬಿಡುತ್ತೆ' ಎಂದು ನಾನು ಕೂಗಿದ್ದು ನಿಜ. ಕುಸಿದ ಗುಂಡಿಗೆ ಅಂಚು ಭದ್ರವಾಗುವವರೆಗೆ ಯಾರೂ ಇಳಿಯಬಾರದು ಎಂಬುದು ನಿಯಮ, ಅದೂ ನಿಜ. ಆ ನಿಯಮ ನೆನಪಾದದ್ದಕ್ಕೆ ನಾನು ಇಳಿಯಲಿಲ್ಲವೋ, ಅಥವಾ ಕಾಲು ನಡುಗುತ್ತಿದ್ದದ್ದಕ್ಕೆ ನಿಯಮ ನೆನಪಾಯಿತೋ — ಇದನ್ನು ಎಷ್ಟು ಸಲ ಕೇಳಿಕೊಂಡರೂ ನನಗೆ ಉತ್ತರ ಸಿಕ್ಕಿಲ್ಲ. ನಾನು ಮೇಲೆ ನಿಂತಿದ್ದೆ. ನೀವು ಕೆಳಗಿದ್ದಿರಿ. ಇಷ್ಟು ಮಾತ್ರ ಖಚಿತ.

ಅವನನ್ನು ಹೊರತೆಗೆದು ಕೋಲಾರದ ಆಸ್ಪತ್ರೆಗೆ ಸೇರಿಸಿದೆವು. ನಾಗರಾಜನ ಹೆಂಡತಿ ರತ್ನಮ್ಮ ಬೈರಕೂರಿನಿಂದ ಅಲ್ಲಿಗೆ ಬರುವ ಹೊತ್ತಿಗೆ ಪಡಸಾಲೆ ತುಂಬಿತ್ತು. ಅವರ ಕಡೆಯವರು, ನಿಮ್ಮ ಕಡೆಯವರು, ವಿಚಾರಣೆಗೆ ಬಂದ ಪೊಲೀಸರು. ನಿಮ್ಮ ಉಗುರುಗಳಿಂದ ರಕ್ತ ಒಸರಿ ಕೆಂಪು ಮಣ್ಣಿನ ಜೊತೆ ಒಣಗಿತ್ತು. ರತ್ನಮ್ಮ ಅಳುತ್ತಿರಲಿಲ್ಲ. ನೇರ ಬಂದು ಕೇಳಿದಳು.

"ಯಾರು ಹೇಳಿದ್ದು ಮಣ್ಣು ತಂದು ನನ್ನ ಗಂಡನ ನೆತ್ತಿ ಮೇಲೆ ಸುರೀರಿ ಅಂತ?"

"ನಾನೇ ಕಣಮ್ಮ ಹೇಳಿದ್ದು," ಎಂದಿರಿ ನೀವು. ಆ ಮಾತನ್ನು ಹೇಳಲು ಒಂದು ಗಳಿಗೆಯೂ ತಡ ಮಾಡಲಿಲ್ಲ. "ವಾಸ್ತು ಅಂತ ನಾನೇ ಹಾಕಿಸ್ದೆ. ಆದ್ರೆ ಬೆಳಿಗ್ಗೆ ತೆಗೆಸ್ಬಿಡ್ಲಾ ಅಂತ ಸಾರ್‌ನ ಕೇಳ್ದೆ. ಇರ್ಲಿ ಬಿಡಿ ಅಂದ್ರು. ಅಲ್ವಾ ಸಾರ್?"

ಎಲ್ಲರೂ ನನ್ನನ್ನು ನೋಡಿದರು. ಆ ನೋಟಗಳ ಭಾರ ಈಗಲೂ ನನ್ನ ಎದೆಯ ಮೇಲಿದೆ ಎಂದು ಬರೆಯಲು ಹೊರಟೆ — ನಾಚಿಕೆಯಾಯಿತು. ಎದೆಯ ಮೇಲೆ ಭಾರ ಬಿದ್ದದ್ದು ನನಗಲ್ಲ.

"ನನಗೆ ಹಾಗೆ ನೆನಪಿಲ್ಲ, ಚೌಡಪ್ಪನವರೇ," ಎಂದೆ. ತುಂಬಾ ಮೃದುವಾಗಿ ಹೇಳಿದೆ. ಜಗಳದ ದನಿಯಲ್ಲಿ ಹೇಳಿದ್ದರೆ ನೀವು ತಿರುಗಿಬೀಳುತ್ತಿದ್ದಿರೇನೋ. "ನೀವು ತುಂಬಾ ಗಾಬರಿಯಲ್ಲಿದ್ದೀರಿ. ಇಂಥ ಹೊತ್ತಲ್ಲಿ ಕೇಳಬೇಕು ಅಂದ್ಕೊಂಡದ್ದೂ ಕೇಳಿಬಿಟ್ಟ ಹಾಗೇ ಅನ್ಸುತ್ತೆ."

ಅಷ್ಟು ನಯವಾದ ವಾಕ್ಯ ಎಲ್ಲಿಂದ ಬಂತು? ಯಾವುದೋ ಪುಸ್ತಕದಲ್ಲಿ ಓದಿದ್ದಿರಬೇಕು, ಮನುಷ್ಯನ ನೆನಪು ಹೇಗೆ ಮೋಸ ಮಾಡುತ್ತದೆ ಎಂಬುದನ್ನು. ನನ್ನ ಓದು ಆವತ್ತು ಹಾಗೆ ಉಪಯೋಗಕ್ಕೆ ಬಂತು.

ನೀವು ನನ್ನ ಮುಖ ನೋಡಿದಿರಿ. ಸುಳ್ಳುಗಾರನನ್ನು ನೋಡುವ ಹಾಗಲ್ಲ. ದಾರಿ ಕೇಳುವವರು ನೋಡುತ್ತಾರಲ್ಲ, ಹಾಗೆ. ಆಮೇಲೆ ಕೈಗಳನ್ನು ನೋಡಿಕೊಂಡಿರಿ. "ಹೌದೇನೋ… ಕೇಳೇ ಇಲ್ವೇನೋ. ಸಾರ್ ಹೇಳಿದ್ಮೇಲೆ…" ಎಂದಿರಿ.

ನಾನು ನಿಮ್ಮ ಮೇಲೆ ತಪ್ಪು ಹೊರಿಸಿದೆ ಎಂದಷ್ಟೇ ಹೇಳಿದರೆ ಅದು ಅರ್ಧ ನಿಜ. ತಪ್ಪು ಹೊರಿಸಿದ್ದರೆ, ನಾನಲ್ಲ ಎಂಬ ಒಂದು ಹಟ ನಿಮ್ಮೊಳಗಾದರೂ ಉಳಿಯುತ್ತಿತ್ತು. ನಾನು ಅದನ್ನೂ ಕಿತ್ತುಕೊಂಡೆ. ನಿಮ್ಮ ಕಿವಿ ಕೇಳಿದ್ದನ್ನು, ನಿಮ್ಮ ಬಾಯಿ ಆಡಿದ್ದನ್ನು ನೀವೇ ನಂಬದ ಹಾಗೆ ಮಾಡಿದೆ.

ನಾಗರಾಜ ಬದುಕಿದ. ಸೊಂಟದ ಮೂಳೆ ಕೂಡಿಕೊಂಡಿತು, ಎಡಗಾಲು ಕೂಡಲಿಲ್ಲ. ಈಗ ಬೈರಕೂರಿನಲ್ಲಿ ಟೀ ಅಂಗಡಿ ಇಟ್ಟುಕೊಂಡಿದ್ದಾನೆಂದು ಕೇಳಿದ್ದೇನೆ. ಹೋಗಿ ನೋಡಿಲ್ಲ. ಆ ರಸ್ತೆಯಲ್ಲಿ ಹೋಗಬೇಕಾಗಿ ಬಂದಾಗ ಬಸ್ಸಿನಲ್ಲಿ ಬಲಗಡೆಯ ಕಿಟಕಿ ಹುಡುಕಿ ಕೂತಿದ್ದೇನೆ, ಅಂಗಡಿ ಎಡಗಡೆ ಬರುತ್ತದೆ ಎಂದು ಯಾರೋ ಹೇಳಿದ್ದರಿಂದ. ನೀವು ಆ ವರ್ಷದ ಮಲ್ಲಿಕಾ ಮಾವಿನ ಹಣ್ಣು ಬುಟ್ಟಿ ತುಂಬಿಸಿಕೊಂಡು ಅವರ ಮನೆಗೆ ಹೋದದ್ದು, ರತ್ನಮ್ಮ ಹೊಸ್ತಿಲಲ್ಲೇ ನಿಂತು, "ನಿನ್ನ ಹಣ್ಣು ನಮ್ಮ ಗಂಟಲಲ್ಲಿ ಇಳಿಯಲ್ಲ, ತಗೊಂಡೋಗಿ ನಿನ್ನ ಮೂಲೇಲಿ ಸುರ್ಕೋ," ಎಂದದ್ದು — ಇವೆಲ್ಲ ನನಗೆ ಬೇರೆಯವರಿಂದ ತಿಳಿಯಿತು. ಊರಿನ ಪಡ್ಡೆಗಳು ನಿಮಗೆ ಮೂಲೆ ಚೌಡಪ್ಪ ಎಂದು ಹೆಸರಿಟ್ಟದ್ದೂ. ಮಾವಿನ ಮಂಡಿಯಲ್ಲಿ ನೀವು ಕ್ರೇಟು ಇಳಿಸುವಾಗ, "ಲೇ, ಮೂಲೆ ಚೌಡಪ್ಪ ಬಂದ, ಭಾರ ಎಲ್ಲಿಗೆ ಹಾಕೋಣ ಕೇಳ್ರೋ," ಎಂದು ನಕ್ಕದ್ದನ್ನು ನಾನೇ ಒಮ್ಮೆ ಕಿವಿಯಾರೆ ಕೇಳಿದೆ. ನೀವು ತಲೆ ಎತ್ತಲಿಲ್ಲ. ನಾನು ಗೋಡೆಯ ಮರೆಗೆ ಸರಿದೆ.

ಇದಕ್ಕಿಂತ ಕೀಳಾದದ್ದನ್ನು ಮಾಡಿದ್ದೇನೆ. ನಿಮಗೆ ಗೊತ್ತಿರಲಿಕ್ಕಿಲ್ಲ. ಕೋಲಾರದ ಒಂದು ಕಾಲೇಜಿನಲ್ಲಿ ವಿಜ್ಞಾನ ಮತ್ತು ಮೂಢನಂಬಿಕೆ ಎಂದು ಮಾತಾಡಲು ಕರೆದಿದ್ದರು. ನಾನು ನಿಮ್ಮ ಕಥೆ ಹೇಳಿದೆ. ಹೆಸರು ಹೇಳಲಿಲ್ಲ, ಊರು ಹೇಳಲಿಲ್ಲ. ಒಬ್ಬ ಯಜಮಾನ, ಒಂದು ಮೂಲೆ, ಒಂದು ನಂಬಿಕೆ, ಒಬ್ಬ ಕೂಲಿಯವನ ಕಾಲು. ಕಥೆ ಚೆನ್ನಾಗಿ ಕೂತಿತು. ಬೆಳಗ್ಗೆಯ ಮಾತು ಅದರಲ್ಲಿ ಇರಲಿಲ್ಲ. ಹುಡುಗರು ಚಪ್ಪಾಳೆ ತಟ್ಟಿದರು. ಒಂದು ಹುಡುಗಿ ಎದ್ದು, "ಆಗ ಅಲ್ಲಿ ಇಂಜಿನಿಯರ್ ಯಾರೂ ಇರ್ಲಿಲ್ವಾ ಸಾರ್?" ಎಂದು ಕೇಳಿದಳು. "ಇದ್ದರು, ಅವರ ಮಾತು ನಡೀಲಿಲ್ಲ," ಎಂದೆ. ನನ್ನನ್ನು ನಾನೇ ಬೇರೆ ಯಾರೋ ಎಂಬಂತೆ ಹೇಳಿದೆ. ಹೊರಗೆ ಬಂದು ಕಾಲೇಜಿನ ಮೆಟ್ಟಿಲ ಮೇಲೆ ಕೂತುಬಿಟ್ಟೆ. ಕಾಲ ಕೆಳಗಿನ ಕಲ್ಲು ಗಟ್ಟಿಯಾಗಿದೆಯೇ ಎಂದು ಪಾದ ಒತ್ತಿ ಒತ್ತಿ ನೋಡುತ್ತಿದ್ದೆ.

ಗುಂಡಿ ಕುಸಿದ ದಿನದಿಂದ ಮಣ್ಣಿನ ಭಯ ನನ್ನ ಮೈ ಬಿಟ್ಟಿಲ್ಲ. ಎಲ್ಲಿ ಗುಂಡಿ ತೋಡುವುದಿದ್ದರೂ ಬೆಳಿಗ್ಗೆ ಆಳು ಇಳಿಯುವ ಮೊದಲು ನಾನು ಅಂಚಿನ ಸುತ್ತ ನಡೆಯುತ್ತೇನೆ, ಬಗ್ಗಿ ಬಗ್ಗಿ. ಮಣ್ಣು ದೂರ ಹಾಕಿಸುತ್ತೇನೆ. ಲಾರಿ ಹತ್ತಿರ ಬಾರದ ಹಾಗೆ ಕಲ್ಲು ಇಡಿಸುತ್ತೇನೆ. ಹಲಗೆ ಊರೆ ಆಗದೆ ಏಣಿ ಇಳಿಸುವುದಿಲ್ಲ. ಕೆಳಗೆ ಆಳಿದ್ದರೆ ಮೇಲೆ ಒಬ್ಬನನ್ನು ಬರೀ ಅಂಚು ನೋಡಲು ನಿಲ್ಲಿಸುತ್ತೇನೆ. ಮಳೆ ಬಿದ್ದ ಮಾರನೆಯ ದಿನ ಕೆಲಸವೇ ಇಲ್ಲ. ಇದನ್ನೆಲ್ಲ ಕಂಡವರು ಶ್ರದ್ಧೆ ಅನ್ನುತ್ತಾರೆ. ಮಾಲೂರಿನ ಸೈಟಿನಲ್ಲಿ ಮೇಸ್ತ್ರಿ ಮಾತ್ರ ಸರಿಯಾಗಿ ಹೇಳಿದ — "ಏಂ ಸಾರ್, ಮಣ್ಣು ಅಂದ್ರೆ ಇಷ್ಟು ಭಯಮಾ? ಅದೇನು ಹಾವಾ, ಬುಸ್ ಅನ್ನೋಕೆ?" ಆಳುಗಳೆಲ್ಲ ನಕ್ಕರು. ನಾನೂ ನಕ್ಕೆ. ಗುಂಡಿಯೊಳಗಿನಿಂದ ಯಾರಾದರೂ ನಕ್ಕರೆ ನನಗೆ ಬೆವರುತ್ತದೆ, ಅದನ್ನು ಅವರಿಗೆ ಹೇಗೆ ಹೇಳಲಿ? ನಗು ಕೇಳಿದ ಕೂಡಲೇ ನಾನು ಗೋಡೆಯ ಮೇಲಂಚು ನೋಡುತ್ತೇನೆ. ನಗು ನಿಂತ ಕೂಡಲೇ ಇನ್ನೂ ಹೆಚ್ಚು ಹೆದರಿ ಕೆಳಗೆ ಬಗ್ಗಿ ನೋಡುತ್ತೇನೆ.

ಈ ಎಚ್ಚರವನ್ನು ಪ್ರಾಯಶ್ಚಿತ್ತವೆಂದು ನನಗೆ ನಾನೇ ಹೇಳಿಕೊಂಡ ದಿನಗಳಿವೆ. ಅಲ್ಲ. ಇದು ಆ ಬೆಳಿಗ್ಗೆ ಮಾಡಬೇಕಾಗಿದ್ದ ಕೆಲಸ. ತಡವಾಗಿ, ಬೇರೆ ಊರಲ್ಲಿ, ಬೇರೆಯವರಿಗಾಗಿ ಮಾಡುತ್ತಿದ್ದೇನೆ.

ಇನ್ನೊಂದು ವಿಷಯ ಇದೆ. ಹೇಳಲೋ ಬೇಡವೋ ಎಂದು ಬರೆಯುವಾಗಲೂ ಕೈ ಹಿಂಜರಿಯುತ್ತಿದೆ. ಆ ಬೆಳಿಗ್ಗೆ, ನೀವು ಬಂದು ಕೇಳುವ ಮೊದಲು, ನಾನು ಮೂಲೆಯ ಅಂಚಿನಲ್ಲಿ ಒಂದು ಬಿರುಕು ನೋಡಿದ್ದೆನೇ? ನನ್ನ ಕಣ್ಣಿಗೆ ಕಾಣುತ್ತದೆ — ಅಂಚಿಗೆ ಸಮನಾಗಿ ಓಡಿದ, ಬೆರಳು ತೂರುವಷ್ಟು ಅಗಲದ ಬಿರುಕು. ಬೈಕಿನ ಕೀಲಿಕೈಯನ್ನು ಅದರೊಳಗೆ ಇಳಿಸಿ ನೋಡಿದೆ, ಅದು ತಳ ಮುಟ್ಟಲಿಲ್ಲ. ಇಷ್ಟು ಸ್ಪಷ್ಟವಾಗಿದೆ. ಆದರೆ ಕೆಲವು ದಿನ ಆ ಚಿತ್ರದಲ್ಲಿ ಬಿಸಿಲಿರುತ್ತದೆ, ಕೆಲವು ದಿನ ಮೋಡ. ಒಮ್ಮೊಮ್ಮೆ ಕೈಯಲ್ಲಿ ಕೀಲಿಕೈಯ ಬದಲು ಪೆನ್ನು ಇರುತ್ತದೆ. ನಿಜಕ್ಕೂ ನೋಡಿದೆನೋ, ಆಮೇಲೆ ಬೇರೆ ಬೇರೆ ಗುಂಡಿಗಳಲ್ಲಿ ನೋಡಿದ ಬಿರುಕನ್ನು ನನ್ನ ಅಪರಾಧ ಆ ಬೆಳಗಿಗೆ ಒಯ್ದು ಅಂಟಿಸಿತೋ — ಗೊತ್ತಿಲ್ಲ. 'ನೆನಪಿಲ್ಲ' ಎಂದು ಸುಳ್ಳು ಹೇಳಿದವನಿಗೆ ಈಗ ನಿಜವಾಗಿಯೂ ನೆನಪಿಲ್ಲ. ಯಾರನ್ನು ಕೇಳಲಿ? ನನ್ನ ಹಾಗೆ ನಯವಾಗಿ ಮಾತಾಡುವ ಒಬ್ಬ ಈಗ ನನ್ನೊಳಗೇ ಕೂತಿದ್ದಾನೆ. ನಾನು ಏನು ನೆನಪಿಸಿಕೊಂಡರೂ, ನೀನು ಗಾಬರಿಯಲ್ಲಿದ್ದೆ, ಹಾಗೆ ಅನ್ನಿಸುತ್ತದೆ ಅಷ್ಟೆ ಅನ್ನುತ್ತಾನೆ.

ಬಹಳ ಕಾಲ ಈ ಸಂಶಯದ ಹಿಂದೆ ಅಡಗಿ ಕೂತಿದ್ದೆ. ಬಿರುಕೇ ಖಚಿತವಿಲ್ಲ ಎಂದ ಮೇಲೆ ಮಾತು ಹೇಗೆ ಖಚಿತ? ಚೌಡಪ್ಪನವರು ನಿಜಕ್ಕೂ ಕೇಳಿರಲಿಲ್ಲವೇನೋ? — ಹೀಗೆ. ಓದಿದವನಿಗೆ ಅಡಗಲು ಒಳ್ಳೆಯ ಜಾಗ ಅದು. ಯಾರೂ ಬೆಟ್ಟು ಮಾಡಿ ತೋರಿಸಲಾರರು. ಆದರೆ ಬಿರುಕು ಬೇರೆ, ಮಾತು ಬೇರೆ. ಬಿರುಕನ್ನು ನಾನು ಆಮೇಲೆ ಒಂಟಿಯಾಗಿ ನೂರು ಸಲ ನೋಡಿದ್ದೇನೆ, ಅದಕ್ಕೇ ಅದು ಕಲಸಿಹೋಗಿದೆ. ಮಾತನ್ನು ಆವತ್ತೇ, ಆಸ್ಪತ್ರೆಯ ಆ ಪಡಸಾಲೆಯಲ್ಲೇ, ಇದೆ ಎಂದು ತಿಳಿದು, ತೂಗಿ ನೋಡಿ, ಇಲ್ಲ ಎಂದೆ. ಇಲ್ಲದ ಮಾತನ್ನು ಯಾರೂ ಹಾಗೆ ಮುಚ್ಚಿಡುವುದಿಲ್ಲ.

ಹೋದ ತಿಂಗಳು ಶ್ರೀನಿವಾಸಪುರದ ಬಸ್ ನಿಲ್ದಾಣದಲ್ಲಿ ನೀವು ಸಿಕ್ಕಿರಿ. ಎಷ್ಟು ಸಣ್ಣಗಾಗಿದ್ದಿರಿ. ನಾನು ತಪ್ಪಿಸಿಕೊಳ್ಳುವ ಮೊದಲೇ ನೀವು ಕೈಹಿಡಿದು ಟೀ ಅಂಗಡಿಗೆ ಕರೆದುಕೊಂಡು ಹೋದಿರಿ. ಮಗ ಮಂಜುನಾಥ, ಆವತ್ತಿನಿಂದ ಪಾಳುಬಿದ್ದಿದ್ದ ಆ ಗುಂಡಿಯ ಲಂಟಾನ ಪೊದೆ ಕಡಿಸಿ ಮತ್ತೆ ಕಟ್ಟಲು ಹೊರಟಿದ್ದಾನೆಂದು ಹೇಳಿದಿರಿ.

"ಅಲ್ಲಿ ಹಿಂಗ್ ಮಾಡು, ಹಂಗ್ ಮಾಡು ಅಂತ ನಾನು ಬಾಯಿ ಬಿಡಲ್ಲ ಸಾರ್. ತೋಟದಲ್ಲೂ ಅಷ್ಟೇ. ಔಷಧಿ ಹೊಡೆಸಿದ್ನಾ ಇಲ್ವಾ, ನೀರು ಬಿಟ್ನಾ ಇಲ್ವಾ, ಎಲ್ಲಾ ಮಗನ್ನೇ ಕೇಳ್ತೀನಿ. ಆವತ್ತೇ ಕೇಳದೆ ಇದ್ದದ್ದನ್ನ ಕೇಳ್ದಂಗೆ ಅಂದ್ಕೊಂಡವನು ನಾನು. ಈ ತಲೇನ ಹೆಂಗೆ ನಂಬ್ಲಿ?" ಎಂದು ನಕ್ಕಿರಿ. ಆಮೇಲೆ ಲೋಟ ಕೆಳಗಿಟ್ಟು, ನನ್ನ ಕಡೆ ಬಾಗಿ, ಅಕ್ಕಪಕ್ಕದವರಿಗೆ ಕೇಳಿಸದ ಹಾಗೆ — "ನಿಮ್ಮ ಮೇಲೆ ಹಾಕಕ್ಕಲ್ಲ ಸಾರ್, ದೇವ್ರಾಣೆ. ನನಗೆ ತಿಳೀಬೇಕು ಅಷ್ಟೇ. ನಾನು ಆವತ್ತು ಕೇಳಿದ್ನಾ, ಇಲ್ವಾ?"

ಎಂಥ ಬಾಗಿಲು ತೆರೆದಿಟ್ಟಿರಿ. ಒಂದು ಶಬ್ದ ಸಾಕಿತ್ತು. ನಿಲ್ದಾಣದ ನೆಲ, ಬೆಂಚು, ಟೀ ಅಂಗಡಿಯ ಗೋಡೆ, ಎಲ್ಲವೂ ಈಗ ಜಾರುತ್ತದೆ ಎಂಬಂತೆ ಕಂಡಿತು.

"ಹಳೇದೆಲ್ಲ ಈಗ್ಯಾಕೆ ಬಿಡಿ, ಚೌಡಪ್ಪನವರೇ," ಎಂದೆ.

ನೀವು ತಲೆ ಆಡಿಸಿದಿರಿ. ನನ್ನ ಬಸ್ಸು ಬಂತು. ಕಿಟಕಿಯಲ್ಲಿ ನೋಡಿದಾಗ ನೀವು ನಿಮ್ಮ ಲೋಟವನ್ನೂ ನನ್ನ ಲೋಟವನ್ನೂ ಒಟ್ಟಿಗೆ ಹಿಡಿದು ಅಂಗಡಿಯವನಿಗೆ ವಾಪಸು ಕೊಡುತ್ತಿದ್ದಿರಿ. ಮೊದಲ ಸುಳ್ಳಿಗೆ ಎಳೆ ವಯಸ್ಸೆಂದೋ ಭಯವೆಂದೋ ಒಂದು ಹೆಸರು ಕೊಡಬಹುದೇನೋ. ಇದಕ್ಕೆ ಏನೂ ಇಲ್ಲ.

ನಾಳೆ ಬೆಳಿಗ್ಗೆ ಬೈರಕೂರಿಗೆ ಹೋಗುತ್ತೇನೆ. ನಾಗರಾಜನ ಅಂಗಡಿಯ ಮುಂದೆ ಇಳಿದು, ರತ್ನಮ್ಮನ ಎದುರಿಗೆ, ಮಣ್ಣು ಅಲ್ಲೇ ಇರಲಿ ಎಂದವನು ನಾನು ಎಂದು ಹೇಳುತ್ತೇನೆ. ಅವಳು ಏನು ಮಾಡುತ್ತಾಳೋ ಎಂಬ ಹೆದರಿಕೆ ಇದೆ. ಪೊಲೀಸರ ಹತ್ತಿರ ಮತ್ತೆ ಹೋಗಬೇಕಾದೀತೆಂಬ ಹೆದರಿಕೆಯೂ ಇದೆ. ಕರೆದರೆ ಹೋಗುತ್ತೇನೆ. ಇವೆರಡಕ್ಕಿಂತ ದೊಡ್ಡದು ಇನ್ನೊಂದು. ಆ ಮಾತು ಕೇಳಿ ನಕ್ಕವನು ನಾಗರಾಜ. ನಮ್ಮಿಬ್ಬರನ್ನು ಬಿಟ್ಟರೆ ಅದನ್ನು ಕೇಳಿದವನು ಅವನೊಬ್ಬನೇ. ಆಸ್ಪತ್ರೆಯಲ್ಲಿ ಅವನಿಗೆ ಪ್ರಜ್ಞೆ ಬಂದ ಮೇಲೆ ಯಾರೂ ಅವನನ್ನು ಕೇಳಲಿಲ್ಲ, ನೀವೇ ಒಪ್ಪಿಕೊಂಡಿದ್ದಿರಲ್ಲ. ನಾಳೆ ಅವನು 'ನನಗೇನೂ ಜ್ಞಾಪಕ ಇಲ್ಲ ಸಾರ್' ಎಂದರೆ? ನನ್ನೊಳಗೆ ಎಲ್ಲೋ ಒಂದು ಕಡೆ ಅವನು ಹಾಗೆಯೇ ಹೇಳಲಿ ಎಂಬ ಆಸೆ ಇದೆ. ಅದನ್ನು ನಾನು ಕಂಡಿದ್ದೇನೆ. ಅವನು ಹಾಗೆ ಅಂದುಬಿಟ್ಟರೆ ನಾನು ಮತ್ತೆ ಸಂಶಯದ ಹಿಂದೆ ಹೋಗಿ ಕೂರುತ್ತೇನೆ, ಈ ಸಲ ಕಾಯಂ ಆಗಿ.

ಅದಕ್ಕೇ ಇದನ್ನು ಮೊದಲು ಬರೆದೆ. ಹೊರಡುವ ಮೊದಲು ಇದನ್ನು ನಿಮ್ಮ ಮಂಜುನಾಥನ ಕೈಗೆ ಕೊಟ್ಟು, ಅಚ್ಚಿಗೂ ಕಳಿಸಿ ಹೋಗುತ್ತೇನೆ. ನಾಗರಾಜ ಏನೇ ಹೇಳಲಿ, ಇದರ ಒಂದು ಅಕ್ಷರವೂ ಬದಲಾಗಬಾರದು. ಹೊಸ ಗುಂಡಿಗೆ ಯಾರೇ ಇಂಜಿನಿಯರ್ ಬರಲಿ, ಚೌಡಪ್ಪನವರೇ, ನೀವು ಅಂಚಿನಲ್ಲಿ ನಿಂತು ನೋಡಿ. ಮನಸ್ಸಿಗೆ ಬಂದದ್ದನ್ನು ಬಾಯಿ ಬಿಟ್ಟು ಹೇಳಿ. ಅವನು ನಕ್ಕರೆ ಇನ್ನೊಮ್ಮೆ ಹೇಳಿ.

ಬಸ್ ನಿಲ್ದಾಣದಲ್ಲಿ ನೀವು ಕೇಳಿದ್ದಕ್ಕೆ ಉತ್ತರ ಬಾಕಿ ಇದೆ. ಕೇಳಿದಿರಿ. ಮಣ್ಣು ನೆಂದಿದೆ ಎಂದಿರಿ, ಗುಡ್ಡೆ ಆ ಕಡೆ ಹಾಕಿಸಲೇ ಎಂದಿರಿ, ನಾಗರಾಜನನ್ನು ಮೇಲೆ ಕರೆಯಿರಿ ಎಂದಿರಿ. ನಿಮ್ಮ ತಲೆಗೆ ಏನೂ ಆಗಿಲ್ಲ. ನೀವು ಕೇಳಿದಿರಿ.